ವಿಚ್ಛೇದನದ ಡಿಕ್ರಿ ಬಂದ ಮೇಲೆ ಮತ್ತೆ ಒಂದಾಗುವುದು ಹೇಗೆ?

ವಿಚ್ಛೇದನದ ಡಿಕ್ರಿ ಕೈಗೆ ಬಂದು ಕೆಲವು ತಿಂಗಳು ಕಳೆದ ಮೇಲೆ ಗಂಡ ಹೆಂಡತಿ ಮತ್ತೆ ಮಾತಾಡತೊಡಗುವುದು ಅಪರೂಪವೇನಲ್ಲ. ಮಗುವಿನ ಶಾಲೆಯಲ್ಲೋ, ಅತ್ತೆಯ ಕಾಯಿಲೆಯ ಹೊತ್ತಿನಲ್ಲಿ ಆಸ್ಪತ್ರೆಯಲ್ಲೋ ಎದುರಾಗುತ್ತಾರೆ. ಸಿಟ್ಟು ಇಳಿದಿರುತ್ತದೆ. ಹಿರಿಯರು ನಡುವೆ ಬಾರದೆಯೇ ಮಾತು ಕೂಡಿಬರುತ್ತದೆ. ಆಮೇಲೆ ಇಬ್ಬರೂ ವಕೀಲರ ಮುಂದೆ ಕೂತು ಕೇಳುವ ಪ್ರಶ್ನೆ ಒಂದೇ: “ಆ ಡಿಕ್ರಿ ಕ್ಯಾನ್ಸಲ್ ಮಾಡಿಸಬಹುದಾ ಸಾರ್?”

ಕೆಲವರಿಗೆ ಮಾಡಿಸಬಹುದು, ಬಹಳ ಜನರಿಗೆ ಆಗುವುದಿಲ್ಲ, ಆಗದಿದ್ದರೂ ದಾರಿ ಇದೆ. ಯಾರಿಗೆ ಯಾವುದು ಎನ್ನುವುದು ಡಿಕ್ರಿಯ ಪ್ರತಿಯನ್ನು ಬಿಡಿಸಿ ನೋಡಿದರೆ ಗೊತ್ತಾಗುತ್ತದೆ. ಅದರಲ್ಲಿ ಯಾವ ಕಲಂ ಬರೆದಿದೆ, ಯಾವ ತಾರೀಖು ಇದೆ, ಎದುರು ಪಕ್ಷದವರು ಹಾಜರಿದ್ದರೋ ಇಲ್ಲವೋ, ಇಷ್ಟೇ ಸಾಕು. ಇಲ್ಲಿ ಹೇಳುತ್ತಿರುವುದು ಮುಖ್ಯವಾಗಿ 1955ರ ಹಿಂದೂ ವಿವಾಹ ಕಾಯ್ದೆಯಡಿ ಬೇರೆಯಾದವರ ಸಂಗತಿ. ಉಳಿದವರ ಮಾತು ಮುಂದೆ ಬರುತ್ತದೆ.

ಮೊದಲು ಅಪಾಯದ ಮಾತು. ಮನಸ್ಸು ಕೂಡಿದ ಬಹುಪಾಲು ಜೋಡಿಗಳು ಕಾಗದದ ಗೊಡವೆಗೇ ಹೋಗುವುದಿಲ್ಲ. ಬಟ್ಟೆಬರೆ ಕಟ್ಟಿಕೊಂಡು ವಾಪಸ್ ಬಂದು ಸಂಸಾರ ನಡೆಸುತ್ತಾರೆ. ಹಳೆಯ ತಾಳಿ ಮತ್ತೆ ಕುತ್ತಿಗೆಗೆ ಬರುತ್ತದೆ, ಬೀರುವಿನಲ್ಲಿ ಹಳೆಯ ವಿವಾಹ ಪ್ರಮಾಣಪತ್ರವೂ ಇರುತ್ತದೆ, ಊರಿನವರ ಕಣ್ಣಿಗೆ ಎಲ್ಲ ಮೊದಲಿನಂತೆಯೇ. ಕಾನೂನಿನ ಕಣ್ಣಿಗೆ ಮಾತ್ರ ಅವರಿಬ್ಬರೂ ಅವಿವಾಹಿತರು. ಎಷ್ಟೇ ವರ್ಷ ಒಟ್ಟಿಗೆ ಬಾಳಿದರೂ ಡಿಕ್ರಿ ತಾನಾಗಿ ಕರಗುವುದಿಲ್ಲ. ಇದರ ಪೆಟ್ಟು ಬೀಳುವುದು ಸಾಮಾನ್ಯವಾಗಿ ಹೆಂಗಸಿನ ಮೇಲೆ. ಗಂಡ ಉಯಿಲು ಬರೆಯದೆ ತೀರಿಕೊಂಡರೆ 1956ರ ಹಿಂದೂ ಉತ್ತರಾಧಿಕಾರ ಕಾಯ್ದೆಯಲ್ಲಿ ವಿಧವೆ ಮೊದಲ ದರ್ಜೆಯ ವಾರಸುದಾರಳು. ವಿಚ್ಛೇದಿತೆಗೆ ಆ ಪಟ್ಟಿಯಲ್ಲಿ ಜಾಗವಿಲ್ಲ. ಮಕ್ಕಳಿಗೆ ಪಾಲು ಸಿಗುತ್ತದೆ, ಅತ್ತೆಗೂ ಸಿಗುತ್ತದೆ. ಕೊನೆಯ ದಿನದವರೆಗೆ ಆರೈಕೆ ಮಾಡಿದವಳು ಕುಟುಂಬ ಪಿಂಚಣಿಗೆ ಅರ್ಜಿ ಹಾಕಲು ಹೋದಾಗ ಮೈದುನನೋ ನಾದಿನಿಯೋ ಡಿಕ್ರಿಯ ನಕಲು ತಂದು ಮುಂದಿಟ್ಟರೆ ಅವಳ ಕೈಯಲ್ಲಿ ಗಟ್ಟಿಯಾದ ದಾಖಲೆ ಏನೂ ಇರುವುದಿಲ್ಲ.

ಮಕ್ಕಳ ವಿಷಯವೂ ಇದೆ. ಮದುವೆ ಊರ್ಜಿತದಲ್ಲಿದ್ದಾಗ ಹುಟ್ಟಿದ ಮಕ್ಕಳ ಹಕ್ಕಿಗೆ ವಿಚ್ಛೇದನದಿಂದ ಯಾವ ಕುಂದೂ ಇಲ್ಲ. ಮದುವೆ ಮುರಿದ 280 ದಿನಗಳೊಳಗೆ, ತಾಯಿ ಮತ್ತೊಂದು ಮದುವೆಯಾಗದೆ ಇದ್ದಾಗ, ಹುಟ್ಟಿದ ಮಗುವಿಗೂ ಸಾಕ್ಷ್ಯ ಕಾನೂನು ಅದೇ ರಕ್ಷಣೆ ಕೊಡುತ್ತದೆ. ಅದಕ್ಕಿಂತ ಆಚೆಗೆ, ಮರುಮದುವೆ ಮಾಡಿಕೊಳ್ಳದೆ ಒಟ್ಟಿಗಿದ್ದಾಗ ಹುಟ್ಟಿದ ಮಗುವಿನ ಹಕ್ಕಿಗೆ ಮುಂದೊಂದು ದಿನ ದಾಯಾದಿಗಳು ತಕರಾರು ತೆಗೆಯಬಹುದು. ಒಂದು ದಿನದ ಕೆಲಸವನ್ನು ಮುಂದೆ ಹಾಕಿದ್ದಕ್ಕೆ ಮಗು ಕೋರ್ಟು ಅಲೆಯಬೇಕಾಗಿ ಬರುವುದು ಅನ್ಯಾಯ.

ಈಗ ಹಂತ ಹಂತವಾಗಿ ನೋಡೋಣ.

ಡಿಕ್ರಿಯೇ ಇನ್ನೂ ಆಗಿಲ್ಲದಿದ್ದರೆ ಕೆಲಸ ತೀರಾ ಸುಲಭ. ಪರಸ್ಪರ ಒಪ್ಪಿಗೆಯ ವಿಚ್ಛೇದನ, ಅಂದರೆ ಕಲಂ 13-ಬಿ, ಎರಡು ಹೆಜ್ಜೆಯಲ್ಲಿ ನಡೆಯುತ್ತದೆ. ಜಂಟಿ ಅರ್ಜಿ ಹಾಕಿದ ಮೇಲೆ 6 ತಿಂಗಳು ಬಿಟ್ಟು, 18 ತಿಂಗಳೊಳಗೆ ಇಬ್ಬರೂ ಮತ್ತೆ ಬಂದು ಒಪ್ಪಿಗೆಯನ್ನು ಖಚಿತಪಡಿಸಬೇಕು. ಆ 6 ತಿಂಗಳು ಇಟ್ಟಿರುವುದೇ ಮನಸ್ಸು ಬದಲಾದೀತು ಎಂದು. ಇಬ್ಬರಲ್ಲಿ ಒಬ್ಬರೇ ಹಿಂದೆ ಸರಿದರೂ ಡಿಕ್ರಿ ಕೊಡುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 1991ರಲ್ಲೇ ಹೇಳಿದೆ. 2017ರ ಇನ್ನೊಂದು ತೀರ್ಪಿನ ಮೇಲೆ, ರಾಜಿಯ ಸಾಧ್ಯತೆ ಪೂರ್ತಿ ಮುಗಿದಿದೆ ಎಂದು ಕಂಡರೆ ಈ ಕಾಯುವ ಅವಧಿಯನ್ನು ಕೋರ್ಟು ಮನ್ನಾ ಮಾಡಬಹುದು. ಹಾಗಾಗಿ ಈಗೀಗ ಡಿಕ್ರಿ ಬೇಗ ಬರುವುದುಂಟು. ಮನಸ್ಸಿನಲ್ಲಿ ಎಳ್ಳಷ್ಟು ಅನುಮಾನವಿದ್ದರೂ ಮನ್ನಾ ಅರ್ಜಿಗೆ ಸಹಿ ಹಾಕಬೇಡಿ ಎಂಬುದು ನನ್ನ ಸಲಹೆ. ಬೇಗ ಮುಗಿಸುವ ಆತುರದಲ್ಲಿ ಕಳೆದುಕೊಳ್ಳುವ ಆ ಕೆಲವು ತಿಂಗಳುಗಳೇ ಮುಂದೆ ಅತ್ಯಂತ ಬೆಲೆಯುಳ್ಳವು ಎನಿಸಬಹುದು.

ವಿರೋಧದ ವಿಚ್ಛೇದನದಲ್ಲೂ, ಅಂದರೆ ಕಲಂ 13ರಡಿ ಕ್ರೌರ್ಯ, ಪರಿತ್ಯಾಗ ಮುಂತಾದ ಆರೋಪದ ಮೇಲೆ ನಡೆಯುವ ಕೇಸಿನಲ್ಲೂ, ತೀರ್ಪಿಗೆ ಮುಂಚೆ ಒಂದು ಮೆಮೊ ಹಾಕಿ ಅರ್ಜಿ ವಾಪಸ್ ಪಡೆಯಬಹುದು. ರಾಜಿಗೆ ಪ್ರಯತ್ನಿಸುವುದು ಕೌಟುಂಬಿಕ ನ್ಯಾಯಾಲಯದ ಕರ್ತವ್ಯವೇ. 1984ರ ಕೌಟುಂಬಿಕ ನ್ಯಾಯಾಲಯ ಕಾಯ್ದೆಯ ಕಲಂ 9 ಅದನ್ನು ಸ್ಪಷ್ಟವಾಗಿ ಹೇಳುತ್ತದೆ. ಬೆಂಗಳೂರಿನ ಎಚ್. ಸಿದ್ದಯ್ಯ ರಸ್ತೆಯ ನ್ಯಾಯದೇಗುಲ ಕಟ್ಟಡದಲ್ಲಿ ಕೌಟುಂಬಿಕ ನ್ಯಾಯಾಲಯಗಳೂ ಮಧ್ಯಸ್ಥಿಕೆ ಕೇಂದ್ರವೂ ಒಂದೇ ಸೂರಿನಡಿ ಇವೆ. ಲೋಕ ಅದಾಲತ್ ದಿನ ಹಾರ ಬದಲಾಯಿಸಿಕೊಂಡು, ಸಿಹಿ ತಿಂದು ಮನೆಗೆ ಹೋಗುವ ಜೋಡಿಗಳ ಫೋಟೊ ಪತ್ರಿಕೆಗಳಲ್ಲಿ ನೀವೂ ನೋಡಿರುತ್ತೀರಿ. ಅವರಲ್ಲಿ ಹೆಚ್ಚಿನವರು ಡಿಕ್ರಿಗೆ ಮೊದಲಿನ ಹಂತದವರು. ಆ ಚಿತ್ರ ನೋಡಿ, ಡಿಕ್ರಿ ಆದವರಿಗೂ ಅಷ್ಟೇ ಸಲೀಸು ಎಂದುಕೊಳ್ಳಬಾರದು.

ವಿರೋಧದ ವಿಚ್ಛೇದನಕ್ಕೆ ಡಿಕ್ರಿ ಆಗಿಬಿಟ್ಟಿದೆ, ಆದರೆ ಇನ್ನೂ ಹೆಚ್ಚು ದಿನ ಆಗಿಲ್ಲ ಎನ್ನುವವರಿಗೆ ಹೈಕೋರ್ಟಿನ ಬಾಗಿಲು ತೆರೆದಿರುತ್ತದೆ. ಡಿಕ್ರಿಯನ್ನು ನಿಜಕ್ಕೂ ಅಳಿಸಿಹಾಕುವ ದಾರಿ ಇದು. ಕೇಸಿನಲ್ಲಿ ಸೋತವರು ಮೇಲ್ಮನವಿ ಹಾಕಬೇಕು. ನಮ್ಮ ಹೈಕೋರ್ಟಿನಲ್ಲಿ ಇದನ್ನು ಎಂ.ಎಫ್.ಎ. ಎಂದು ದಾಖಲಿಸುತ್ತಾರೆ. ನಿಮ್ಮ ಜಿಲ್ಲೆ ಯಾವುದು ಎನ್ನುವುದರ ಮೇಲೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ ಪೀಠ. ಇಬ್ಬರು ನ್ಯಾಯಮೂರ್ತಿಗಳ ಪೀಠ ಇದನ್ನು ಕೇಳುತ್ತದೆ. ಗಡುವಿನ ವಿಷಯದಲ್ಲಿ ಎರಡು ಕಾಯ್ದೆಗಳು ಎರಡು ಮಾತು ಹೇಳುತ್ತವೆ. ಕೌಟುಂಬಿಕ ನ್ಯಾಯಾಲಯ ಕಾಯ್ದೆಯಲ್ಲಿ 30 ದಿನ, 2003ರ ತಿದ್ದುಪಡಿಯ ನಂತರ ಹಿಂದೂ ವಿವಾಹ ಕಾಯ್ದೆಯ ಕಲಂ 28ರಲ್ಲಿ 90 ದಿನ. 90 ದಿನವೇ ಸರಿ ಎಂದು ಹೇಳಿದ ಹೈಕೋರ್ಟುಗಳಿವೆ. ಆದರೂ 30 ಎಂದೇ ಲೆಕ್ಕ ಹಿಡಿದು ನಡೆದರೆ ಯಾವ ತಕರಾರೂ ಬರುವುದಿಲ್ಲ. ತೀರ್ಪಿನ ದೃಢೀಕೃತ ನಕಲು ಪಡೆಯಲು ಹಿಡಿದ ದಿನಗಳನ್ನು ಈ ಲೆಕ್ಕದಿಂದ ಬಿಡುತ್ತಾರೆ. ಆದ್ದರಿಂದ ನಕಲಿಗೆ ಅರ್ಜಿಯನ್ನು ತೀರ್ಪಿನ ದಿನವೇ ಹಾಕಿಬಿಡುವುದು ಜಾಣತನ.

ಮೇಲ್ಮನವಿ ದಾಖಲಾದ ಮೇಲೆ ಎರಡೂ ಕಡೆಯವರು ಸೇರಿ ಒಂದು ಜಂಟಿ ಮೆಮೊ, ಜೊತೆಗೆ ಇಬ್ಬರ ಅಫಿಡವಿಟ್ ಸಲ್ಲಿಸುತ್ತಾರೆ. ಮೆಮೊದಲ್ಲಿ ಇರಬೇಕಾದದ್ದು ಸರಳ: ಯಾವ ತಾರೀಖಿನಿಂದ, ಯಾವ ವಿಳಾಸದಲ್ಲಿ ಒಟ್ಟಿಗೆ ವಾಸವಾಗಿದ್ದೇವೆ, ಮಕ್ಕಳು ನಮ್ಮ ಜೊತೆಗೇ ಇದ್ದಾರೆ, ಕೆಳ ನ್ಯಾಯಾಲಯದಲ್ಲಿ ಒಬ್ಬರ ಮೇಲೊಬ್ಬರು ಮಾಡಿದ ಆರೋಪಗಳನ್ನು ಹಿಂಪಡೆದಿದ್ದೇವೆ, ಡಿಕ್ರಿಯನ್ನು ರದ್ದುಪಡಿಸಿ ಮೂಲ ಅರ್ಜಿಯನ್ನು ವಜಾ ಮಾಡಲು ನಮ್ಮ ಒಪ್ಪಿಗೆ ಇದೆ. ಕೇಸು ಕರೆದಾಗ ಇಬ್ಬರೂ ಎದುರು ನಿಲ್ಲಬೇಕು. ವಕೀಲರು ಗುರುತಿಸುತ್ತಾರೆ. ಆಮೇಲೆ ನ್ಯಾಯಮೂರ್ತಿಗಳು ವಕೀಲರನ್ನು ಬಿಟ್ಟು ನೇರವಾಗಿ ಅವರನ್ನೇ ಮಾತಾಡಿಸುವುದು ವಾಡಿಕೆ. “ಯಾರಾದರೂ ಒತ್ತಾಯ ಮಾಡಿದಾರಾ? ಈಗ ಎಲ್ಲಿದ್ದೀರಿ? ಮಗು ಯಾರ ಹತ್ತಿರ ಇದೆ?” ಇದಕ್ಕೆ ಉರು ಹೊಡೆದ ಉತ್ತರ ಬೇಡ, ಇದ್ದದ್ದನ್ನು ಹೇಳಿದರೆ ಸಾಕು. ಅನುಮಾನ ಬಂದರೆ ಮಧ್ಯಸ್ಥಿಕೆ ಕೇಂದ್ರಕ್ಕೆ ಕಳಿಸುತ್ತಾರೆ, ಇಲ್ಲವಾದರೆ ಅಲ್ಲೇ ಆದೇಶ ಬರೆಸುತ್ತಾರೆ. ಹೀಗೆ ರದ್ದಾದರೆ ಹಳೆಯ ಮದುವೆ ಮುರಿದೇ ಇರಲಿಲ್ಲ ಎಂದಾಗುತ್ತದೆ. ಮದುವೆಯ ತಾರೀಖು ಹಳೆಯದೇ, ಪ್ರಮಾಣಪತ್ರವೂ ಹಳೆಯದೇ.

ಗಡುವು ಮೀರಿದ್ದರೆ ವಿಳಂಬ ಮನ್ನಿಸುವಂತೆ ಪ್ರತ್ಯೇಕ ಅರ್ಜಿ ಹಾಕಿ ಸಾಕಷ್ಟು ಕಾರಣ ತೋರಿಸಬೇಕು. ಕೆಲವು ವಾರಗಳ ವಿಳಂಬಕ್ಕೆ ಇರುವ ಅವಕಾಶ ಕೆಲವು ವರ್ಷಗಳ ವಿಳಂಬಕ್ಕೆ ಇರುವುದಿಲ್ಲ.

ಇನ್ನೊಂದು ಬಗೆ ಏಕಪಕ್ಷೀಯ ಡಿಕ್ರಿ. ಗಂಡ ಕೇಸು ಹಾಕಿದ್ದಾನೆ, ಹೆಂಡತಿ ಹಾಜರಾಗಿಲ್ಲ, ಕೋರ್ಟು ಒಬ್ಬರ ಮಾತು ಕೇಳಿ ಡಿಕ್ರಿ ಕೊಟ್ಟಿದೆ. ಇಲ್ಲಿ ಹೈಕೋರ್ಟಿಗೆ ಹೋಗಬೇಕಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 9, ನಿಯಮ 13ರಡಿ ಅದೇ ಕೌಟುಂಬಿಕ ನ್ಯಾಯಾಲಯಕ್ಕೆ ಅರ್ಜಿ ಹಾಕಬಹುದು. ಸಮನ್ಸ್ ಸರಿಯಾಗಿ ಜಾರಿಯಾಗಿರಲಿಲ್ಲ ಎಂದೋ, ಹಾಜರಾಗದಿರಲು ತಕ್ಕ ಕಾರಣವಿತ್ತು ಎಂದೋ ತೋರಿಸಬೇಕು. ಗಡುವು ಡಿಕ್ರಿಯಾದ ದಿನದಿಂದ 30 ದಿನ. ಸಮನ್ಸೇ ಸರಿಯಾಗಿ ಮುಟ್ಟಿರದಿದ್ದರೆ ಡಿಕ್ರಿಯ ವಿಷಯ ತಿಳಿದ ದಿನದಿಂದ 30 ದಿನ. ಈಗ ಮನಸ್ಸು ಕೂಡಿರುವ ಗಂಡ ತಕರಾರಿಲ್ಲ ಎಂದು ಬರೆದುಕೊಟ್ಟರೆ ಕೆಲಸ ಹಗುರವಾಗುತ್ತದೆ. ಡಿಕ್ರಿ ರದ್ದಾದರೆ ಮೂಲ ಅರ್ಜಿಗೆ ಮತ್ತೆ ಜೀವ ಬರುತ್ತದೆ, ಆಗ ಅವನು ಅದನ್ನು ವಾಪಸ್ ಪಡೆಯುತ್ತಾನೆ. ಇಲ್ಲಿ ಒಂದು ಎಚ್ಚರಿಕೆ ಬೇಕು. ಸಮನ್ಸ್ ತಲುಪಿದ್ದರೂ ತಲುಪಿಲ್ಲ ಎಂದು ಅಫಿಡವಿಟ್‌ನಲ್ಲಿ ಬರೆಯಲು ಯಾರಾದರೂ ಹೇಳಿದರೆ ಒಪ್ಪಬೇಡಿ. ಹೊಸ ಬಾಳಿನ ಮೊದಲ ಕಾಗದವೇ ಸುಳ್ಳು ಪ್ರಮಾಣವಾಗಬಾರದು, ಅದು ಶಿಕ್ಷಾರ್ಹ ಅಪರಾಧ ಕೂಡ.

ಹೆಚ್ಚು ಜನ ಸಿಕ್ಕಿಬೀಳುವುದು ಪರಸ್ಪರ ಒಪ್ಪಿಗೆಯ ಡಿಕ್ರಿಯಲ್ಲಿ. ಒಪ್ಪಿ ಪಡೆದ ಡಿಕ್ರಿಯ ಮೇಲೆ ಮೇಲ್ಮನವಿ ಇಲ್ಲ ಎಂದು ಕೌಟುಂಬಿಕ ನ್ಯಾಯಾಲಯ ಕಾಯ್ದೆಯ ಕಲಂ 19 ಹೇಳುತ್ತದೆ. ಹೆದರಿಸಿ, ಮೋಸದಿಂದ ಸಹಿ ಹಾಕಿಸಿಕೊಂಡಿದ್ದರೆ ಆ ಮಾತು ಬೇರೆ. ಆಗ ಡಿಕ್ರಿ ಕೊಟ್ಟ ನ್ಯಾಯಾಲಯದ ಮುಂದೆಯೇ ಅದನ್ನು ಪ್ರಶ್ನಿಸಬಹುದು. ಇಬ್ಬರೂ ಒಪ್ಪಿ ಸಹಿ ಹಾಕಿ, ಈಗ ಇಬ್ಬರೂ ಒಪ್ಪಿ ಬೇಡ ಎನ್ನುವುದು ಮೋಸದ ಪ್ರಕರಣವಲ್ಲ. ಪುನರ್‌ಪರಿಶೀಲನಾ ಅರ್ಜಿ ಹಾಕೋಣ ಎಂದರೆ, ಅದಕ್ಕೆ ತೀರ್ಪಿನಲ್ಲಿ ಎದ್ದು ಕಾಣುವ ತಪ್ಪಿರಬೇಕು ಅಥವಾ ಆಗ ಎಷ್ಟು ಪ್ರಯತ್ನಿಸಿದರೂ ಸಿಗದಿದ್ದ ಸಾಕ್ಷ್ಯ ಈಗ ಸಿಕ್ಕಿರಬೇಕು. ಡಿಕ್ರಿಯ ನಂತರ ಮನಸ್ಸು ಬದಲಾದದ್ದು ಈ ಯಾವುದರೊಳಗೂ ಹಿಡಿಯುವುದಿಲ್ಲ.

ಇಬ್ಬರಿಗೂ ಬೇಡವಾದದ್ದನ್ನು ಕೋರ್ಟು ಯಾಕೆ ಉಳಿಸಬೇಕು ಎಂದು ಸಿಟ್ಟು ಬರುವುದು ಸಹಜ. ಸಾಲದ ಡಿಕ್ರಿಯಾದರೆ ಇಬ್ಬರ ನಡುವಿನ ವ್ಯವಹಾರ, ಇಬ್ಬರೂ ಸೇರಿ ಬಿಟ್ಟುಕೊಡಬಹುದು. ವಿಚ್ಛೇದನದ ಡಿಕ್ರಿ ವ್ಯಕ್ತಿಯ ಸ್ಥಾನಮಾನವನ್ನೇ ಬದಲಿಸುತ್ತದೆ, ಅದನ್ನು ಇಡೀ ಲೋಕ ಒಪ್ಪಬೇಕು. ಅದನ್ನು ನಂಬಿ ಬ್ಯಾಂಕು ಸಾಲ ಕೊಟ್ಟಿರುತ್ತದೆ, ಖರೀದಿದಾರ ಜಮೀನು ಕೊಂಡಿರುತ್ತಾನೆ, ವಾರಸುದಾರರು ಪಾಲು ಮಾಡಿಕೊಂಡಿರುತ್ತಾರೆ. ಹಾಗಾಗಿ ಅಂತಿಮವಾದ ಡಿಕ್ರಿಯನ್ನು ಮುಟ್ಟಲು ನ್ಯಾಯಾಲಯಗಳು ಹಿಂದೆಮುಂದೆ ನೋಡುತ್ತವೆ. ನನಗೆ ಇದು ಸರಿಯೆನಿಸುತ್ತದೆ. ಮುಚ್ಚಿದ ಬಾಗಿಲನ್ನು ಬಡಿಯುತ್ತ ದುಡ್ಡು ಮತ್ತು ಕಾಲ ಕಳೆಯುವ ಬದಲು ಪಕ್ಕದಲ್ಲೇ ತೆರೆದಿರುವ ಬಾಗಿಲನ್ನು ನೋಡಬೇಕು.

ಆ ಬಾಗಿಲು ಮರುಮದುವೆ. ಒಮ್ಮೆ ಬೇರೆಯಾದವರು ಮತ್ತೆ ತಮ್ಮತಮ್ಮಲ್ಲೇ ಮದುವೆಯಾಗಲು ಹಿಂದೂ ವಿವಾಹ ಕಾಯ್ದೆಯಲ್ಲಿ ಯಾವ ಅಡ್ಡಿಯೂ ಇಲ್ಲ. ಇಬ್ಬರಲ್ಲಿ ಯಾರಿಗೂ ಈಗ ಬೇರೆ ಸಂಗಾತಿ ಇರಬಾರದು, ಅಷ್ಟೇ. ನಡುವೆ ಯಾರಾದರೂ ಬೇರೆ ಮದುವೆಯಾಗಿದ್ದರೆ ಆ ಮದುವೆ ಕಾನೂನಿನಂತೆ ಮುಗಿಯುವ ತನಕ ಇದು ದ್ವಿಪತ್ನಿತ್ವ ಅಥವಾ ದ್ವಿಪತಿತ್ವದ ಅಪರಾಧವಾಗುತ್ತದೆ. ಹಿಂದೆ ಡಿಕ್ರಿಯ ನಂತರ ಮತ್ತೆ ಮದುವೆಯಾಗಲು ಒಂದು ವರ್ಷ ಕಾಯಬೇಕೆಂಬ ಷರತ್ತಿತ್ತು. 1976ರ ತಿದ್ದುಪಡಿ ಅದನ್ನು ತೆಗೆದುಹಾಕಿತು. ಈಗ ಕಲಂ 15ರ ಪ್ರಕಾರ ಮೇಲ್ಮನವಿಯ ಹಕ್ಕು ಇಲ್ಲದಿದ್ದರೆ ಅಥವಾ ಅದರ ಅವಧಿ ಮುಗಿದಿದ್ದರೆ ಸಾಕು.

ಮದುವೆ ದೊಡ್ಡದಾಗಿ ಆಗಬೇಕಿಲ್ಲ. ದೇವಸ್ಥಾನದಲ್ಲಿ, ಮನೆಯಲ್ಲಿ, ಹತ್ತು ಜನರ ಎದುರು ಆದರೂ ಸರಿ. ಆದರೆ ವಿಧಿ ನಡೆಯಲೇಬೇಕು. ವಿಧಿಯಿಲ್ಲದೆ ಬರೀ ಪ್ರಮಾಣಪತ್ರ ಮಾಡಿಸಿಕೊಂಡರೆ ಅದು ಹಿಂದೂ ವಿವಾಹವಾಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2024ರಲ್ಲಿ ಖಡಾಖಂಡಿತವಾಗಿ ಹೇಳಿದೆ. “ನಮ್ಮದು ಒಂದು ಸಲ ಆಗಿದೆಯಲ್ಲ, ಮತ್ತೆ ಯಾಕೆ ಶಾಸ್ತ್ರ” ಎನ್ನುವ ಸಂಕೋಚ ಇಲ್ಲಿ ನಡೆಯದು. ಮನೆತನದ ಪದ್ಧತಿಯಂತೆ ಧಾರೆ, ಮಾಂಗಲ್ಯಧಾರಣೆ, ಸಪ್ತಪದಿ ಇದ್ದರೆ ಅದು, ಎಲ್ಲಕ್ಕೂ ಫೋಟೊ ತೆಗೆಸಿ. ಆಮೇಲೆ ಉಪನೋಂದಣಾಧಿಕಾರಿ ಕಚೇರಿಯಲ್ಲಿ ನೋಂದಣಿ. ಕಾವೇರಿ 2.0ರಲ್ಲಿ ಆನ್‌ಲೈನಿನಲ್ಲೇ ಅರ್ಜಿ ಹಾಕಬಹುದು. ವೈವಾಹಿಕ ಸ್ಥಿತಿ ಕೇಳುವ ಕಡೆ ವಿಚ್ಛೇದಿತರು ಎಂದೇ ತುಂಬಿ, ಡಿಕ್ರಿಯ ದೃಢೀಕೃತ ನಕಲನ್ನು ಲಗತ್ತಿಸಿ. ಮಂತ್ರ ಮಾಂಗಲ್ಯದಂಥ ಸರಳ ಮದುವೆ ಬಯಸುವವರಿಗೆ, ಶಾಸ್ತ್ರವೇ ಬೇಡ ಎನ್ನುವವರಿಗೆ 1954ರ ವಿಶೇಷ ವಿವಾಹ ಕಾಯ್ದೆ ಹೆಚ್ಚು ಗಟ್ಟಿ. ನೋಟಿಸು ಕೊಟ್ಟು 30 ದಿನ ಕಾದು, ಮೂವರು ಸಾಕ್ಷಿಗಳ ಮುಂದೆ ವಿವಾಹಾಧಿಕಾರಿಯ ಎದುರು ಸಹಿ ಹಾಕಿದರೆ ಮದುವೆ ಆದಂತೆ.

ಹೊಸ ಪ್ರಮಾಣಪತ್ರದಲ್ಲಿ ಹೊಸ ತಾರೀಖು ಇರುತ್ತದೆ, ಮಗುವಿನ ಹುಟ್ಟು ಅದಕ್ಕಿಂತ ಹಿಂದಿನದು, ಯಾರಾದರೂ ಏನಾದರೂ ಅಂದಾರು ಎಂದು ಅಂಜುವವರಿದ್ದಾರೆ. ಮಗು ಮೊದಲ ಮದುವೆಯಲ್ಲಿ ಹುಟ್ಟಿದ್ದು, ಆ ದಾಖಲೆ ಎಲ್ಲೂ ಹೋಗುವುದಿಲ್ಲ. ಹಳೆಯ ಪ್ರಮಾಣಪತ್ರ, ಡಿಕ್ರಿ, ಹೊಸ ಪ್ರಮಾಣಪತ್ರ ಮೂರನ್ನೂ ಒಟ್ಟಿಗೆ ಇಟ್ಟುಕೊಳ್ಳಿ. ಡಿಕ್ರಿಯನ್ನು ಮುಚ್ಚಿಟ್ಟು ಹಳೆಯ ಪ್ರಮಾಣಪತ್ರವನ್ನೇ ವೀಸಾಕ್ಕೋ ಸಾಲಕ್ಕೋ ತೋರಿಸುವುದು ಮಾತ್ರ ಬೇಡ.

ವಿಚ್ಛೇದನದ ಬದಲು ನ್ಯಾಯಿಕ ಪ್ರತ್ಯೇಕತೆಯ ಡಿಕ್ರಿ ಪಡೆದವರ ದಾರಿ ಎಲ್ಲರಿಗಿಂತ ಸಲೀಸು. ಅಲ್ಲಿ ಮದುವೆ ಮುರಿದಿರುವುದಿಲ್ಲ, ಒಟ್ಟಿಗೆ ಇರಬೇಕೆಂಬ ಕಟ್ಟುಪಾಡು ಮಾತ್ರ ಸಡಿಲವಾಗಿರುತ್ತದೆ. ಕಲಂ 10(2)ರಂತೆ ಇಬ್ಬರಲ್ಲಿ ಯಾರು ಬೇಕಾದರೂ ಅರ್ಜಿ ಹಾಕಿ ಅದನ್ನು ರದ್ದುಪಡಿಸಲು ಕೇಳಬಹುದು. ಬೇರೆಯಾಗಲೇಬೇಕೋ ಬೇಡವೋ ಎಂಬ ತೊಳಲಾಟದಲ್ಲಿರುವವರಿಗೆ ವಕೀಲರು ಈ ಕಲಮನ್ನು ಮೊದಲೇ ವಿವರಿಸಿದರೆ ಎಷ್ಟೋ ಸಂಸಾರಗಳಿಗೆ ಉಪಕಾರವಾದೀತು.

ಡಿಕ್ರಿಯ ಸುತ್ತ ಬೆಳೆದ ಉಳಿದ ಕೇಸುಗಳೂ ತಾವಾಗಿ ಬಿದ್ದುಹೋಗುವುದಿಲ್ಲ. ವರದಕ್ಷಿಣೆ ಕಿರುಕುಳದ 498-ಎ ಪ್ರಕರಣ, ಈಗ ಭಾರತೀಯ ನ್ಯಾಯ ಸಂಹಿತೆಯ ಕಲಂ 85, ಠಾಣೆಯಲ್ಲಿ ರಾಜಿಯಾಗುವಂಥದ್ದಲ್ಲ. ಇಬ್ಬರೂ ಹೈಕೋರ್ಟಿಗೆ ಹೋಗಿ, ಈಗಿನ ನಾಗರಿಕ ಸುರಕ್ಷಾ ಸಂಹಿತೆಯ ಕಲಂ 528ರಡಿ ರದ್ದು ಮಾಡಿಸಿಕೊಳ್ಳಬೇಕು. ಇಂಥ ಪ್ರಕರಣಗಳನ್ನು ರಾಜಿಯ ಮೇಲೆ ರದ್ದು ಮಾಡಬಹುದೆಂದು ಸುಪ್ರೀಂ ಕೋರ್ಟ್ 2003ರಲ್ಲಿ ಹೇಳಿದೆ. ತಿಂಗಳ ಜೀವನಾಂಶದ ಆದೇಶವಿದ್ದರೆ ಅದನ್ನೂ ಬಾಕಿಯನ್ನೂ ಅರ್ಜಿ ಹಾಕಿಯೇ ಮುಗಿಸಬೇಕು, ಇಲ್ಲವಾದರೆ ಮುಂದೊಂದು ಜಗಳದಲ್ಲಿ ಅದು ವಾರಂಟಾಗಿ ಎದ್ದು ಬರುತ್ತದೆ. ಒಂದೇ ಗಂಟಿನಲ್ಲಿ ಕೊಟ್ಟ ಹಣ, ಅವಳ ಹೆಸರಿಗೆ ಬರೆದುಕೊಟ್ಟ ಸೈಟು ಮರುಮದುವೆಯಿಂದ ತಾನಾಗಿ ವಾಪಸ್ ಬರುವುದಿಲ್ಲ. ಬರಬೇಕಾಗಿಯೂ ಇಲ್ಲ. ಅವಳ ಹೆಸರಿನಲ್ಲಿ ಇರುವುದು ಅವಳ ಹೆಸರಿನಲ್ಲೇ ಇರಲಿ ಎಂದು ಹೇಳುವ ಗಂಡನ ಮಾತಿಗೆ ಕೋರ್ಟಿನ ಎಲ್ಲ ಮೆಮೊಗಳಿಗಿಂತ ಹೆಚ್ಚು ತೂಕವಿದೆ. ಪಿ.ಎಫ್., ಗ್ರಾಚ್ಯುಟಿ, ವಿಮೆ, ಬ್ಯಾಂಕ್ ಖಾತೆಗಳ ನಾಮಿನಿಯನ್ನು ಹೊಸದಾಗಿ ಬರೆಸಿ. ರೇಷನ್ ಕಾರ್ಡು, ಪಾಸ್‌ಪೋರ್ಟು ಆಮೇಲೆ ಆದರೂ ನಡೆಯುತ್ತದೆ.

ಮುಸ್ಲಿಂ ದಂಪತಿಗಳಲ್ಲಿ ಒಂದೇ ಸಲ ಹೇಳಿ ಇದ್ದತ್ ಅವಧಿ ಕಾಯುವ ತಲಾಖ್ ಆಗಿದ್ದರೆ, ಆ ಅವಧಿ ಮುಗಿಯುವ ಮುನ್ನ ಅದನ್ನು ಹಿಂಪಡೆಯಬಹುದು. ಮುಗಿದ ಮೇಲಾದರೆ ಹೊಸದಾಗಿ ನಿಕಾಹ್ ಮಾಡಿಕೊಳ್ಳಬಹುದು. ಒಂದೇ ಉಸಿರಿನ ತ್ರಿವಳಿ ತಲಾಖ್ 2019ರ ಕಾಯ್ದೆಯಂತೆ ಅಸಿಂಧು, ಅದರಿಂದ ಮದುವೆ ಮುರಿಯುವುದೇ ಇಲ್ಲ. ಕ್ರೈಸ್ತರು 1869ರ ವಿಚ್ಛೇದನ ಕಾಯ್ದೆಯಡಿ ಬೇರೆಯಾಗಿದ್ದರೆ, ಡಿಕ್ರಿ ಅಂತಿಮವಾದ ಮೇಲೆ ಕಾನೂನಿಗಾಗಿ ಮತ್ತೆ ಮದುವೆಯಾಗಬೇಕು. ಅವರಿಗೂ ವಿಶೇಷ ವಿವಾಹ ಕಾಯ್ದೆ ಇದೆ.

ವಿದೇಶದಲ್ಲಿ ವಿಚ್ಛೇದನ ಪಡೆದ ಕನ್ನಡಿಗರು ಆ ದೇಶದ ಕಾನೂನನ್ನೇ ನೋಡಬೇಕು. ಇಂಗ್ಲೆಂಡಿನಲ್ಲಿ 2022ರ ಏಪ್ರಿಲ್‌ನಿಂದ ಮೊದಲು ಷರತ್ತಿನ ಆದೇಶ, ಕನಿಷ್ಠ 6 ವಾರದ ಮೇಲೆ ಅಂತಿಮ ಆದೇಶ. ಅಂತಿಮ ಆದೇಶ ಬರುವವರೆಗೆ ಹಿಂದೆ ಸರಿಯಬಹುದು. ಬಂದ ಮೇಲೆ ಅಲ್ಲಿನ ಕೋರ್ಟುಗಳು ಎಷ್ಟು ಬಿಗಿ ಎಂಬುದಕ್ಕೆ 2024ರ ಒಂದು ತೀರ್ಪು ಸಾಕ್ಷಿ. ವಕೀಲರ ಕಚೇರಿಯಲ್ಲಿ ಬೇರೊಬ್ಬ ದಂಪತಿಯ ಕಡತ ತೆರೆದು ತಪ್ಪಾಗಿ ಅಂತಿಮ ಆದೇಶಕ್ಕೆ ಅರ್ಜಿ ಹಾಕಿದ್ದರು. ಆನ್‌ಲೈನಿನಲ್ಲಿ 21 ನಿಮಿಷಕ್ಕೆ ಆದೇಶ ಬಂತು. ಅದನ್ನು ರದ್ದುಮಾಡಲು ನ್ಯಾಯಾಧೀಶರು ಒಪ್ಪಲಿಲ್ಲ.

ಕೊನೆಗೆ, ಒತ್ತಿ ಹೇಳಬೇಕಾದ ಮಾತು. ಮೊದಲ ಸಂಸಾರದಲ್ಲಿ ಹೊಡೆತ ಬಡಿತ ಇದ್ದವರು “ಮಕ್ಕಳಿಗಾಗಿ” ಎಂಬ ಒಂದೇ ಕಾರಣಕ್ಕೆ ಮೆಮೊಗೆ ಸಹಿ ಹಾಕಬಾರದು. ಆಪ್ತಸಮಾಲೋಚಕರ ಹತ್ತಿರ ಇಬ್ಬರೂ ಬೇರೆಬೇರೆಯಾಗಿ ಮಾತಾಡಿ. ಕುಡಿತವೋ ಸಂಶಯವೋ, ಮನೆ ಮುರಿಯಲು ಕಾರಣವಾದದ್ದು ನಿಜಕ್ಕೂ ನಿಂತಿದೆಯೇ ಎಂದು ಕೆಲವು ತಿಂಗಳು ನೋಡಿ. ಮೇಲ್ಮನವಿಯ ಗಡುವು ಹತ್ತಿರವಿದ್ದರೆ ಮೇಲ್ಮನವಿ ಹಾಕಿಟ್ಟುಕೊಂಡೇ ಯೋಚಿಸಬಹುದು, ಬೇಡವೆನಿಸಿದರೆ ವಾಪಸ್ ಪಡೆಯಲು ತಡೆಯಿಲ್ಲ. ವಕೀಲರಿಗೆ ಕೊಡಲು ಹಣವಿಲ್ಲ ಎಂದು ಯಾವ ಹೆಣ್ಣುಮಗಳೂ ಹಿಂದೆ ಉಳಿಯಬೇಕಿಲ್ಲ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಡಿ, ಆದಾಯ ಎಷ್ಟೇ ಇರಲಿ, ಮಹಿಳೆಯರಿಗೆ ಉಚಿತ ಕಾನೂನು ನೆರವಿನ ಹಕ್ಕಿದೆ. ಡಿಕ್ರಿಯ ನಕಲು ಹಿಡಿದು ನಿಮ್ಮ ತಾಲ್ಲೂಕು ಅಥವಾ ಜಿಲ್ಲಾ ನ್ಯಾಯಾಲಯದ ಆವರಣದಲ್ಲಿರುವ ಕಾನೂನು ಸೇವಾ ಕಚೇರಿಗೆ ಹೋಗಿ, ಇಲ್ಲವೇ 15100ಕ್ಕೆ ಕರೆ ಮಾಡಿ.